ನಮ್ಮೂರ ಗೇಟಿನಿಂದ ಮೆಜೆಸ್ಟಿಕ್‌ವರೆಗೆ: ಬೆಂಗಳೂರಿನ ಸಾರಿಗೆ ಬೆಳೆದ ಬಗೆ

ಸುವರ್ಣ ಮಹೋತ್ಸವದ ಸಂಚಿಕೆಗೆ ಏನಾದರೂ ಬರೆದುಕೊಡು ಎಂದು ನಮ್ಮ ಸಮಾಜ ವಿಜ್ಞಾನದ ಮೇಷ್ಟ್ರು ಫೋನ್ ಮಾಡಿದಾಗ, ‘ಸರ್, ನಾನು ಕಂಪ್ಯೂಟರ್ ಕೆಲಸದವನು, ಬರವಣಿಗೆ ಬಾರದು’ ಎಂದೆ. ‘ಇತಿಹಾಸದಲ್ಲಿ ನೂರಕ್ಕೆ ತೊಂಬತ್ತೆರಡು ತೆಗೆದವನು ನೀನೇ ಅಲ್ಲವಾ? ಬೆಂಗಳೂರಿನಲ್ಲಿ ಹದಿನಾಲ್ಕು ವರ್ಷದಿಂದ ಇದ್ದೀಯ. ಆ ಊರಿನ ಇತಿಹಾಸ ಬರಿ’ ಎಂದರು. ಮೇಷ್ಟ್ರ ಮಾತಿಗೆ ಎದುರಾಡುವ ಅಭ್ಯಾಸ ನಮ್ಮ ಬ್ಯಾಚಿಗೆ ಇಲ್ಲ.

ಬೆಂಗಳೂರಿನ ಇತಿಹಾಸ ಎಂದರೆ ಕೆಂಪೇಗೌಡರ ಕೋಟೆಯಿಂದ ಶುರುಮಾಡಬೇಕು. ಅದನ್ನು ಬಲ್ಲವರು ಬರೆದಿದ್ದಾರೆ. ನಾನು ಆ ನಗರವನ್ನು ನೋಡಿದ್ದು ಹೆಚ್ಚಾಗಿ ಬಸ್ಸಿನ ಕಿಟಕಿಯಿಂದ. ಆದ್ದರಿಂದ ಜನ ಅಲ್ಲಿ ಹೇಗೆ ಓಡಾಡಿದರು, ಜಟಕಾ ಗಾಡಿಯಿಂದ ಮೆಟ್ರೊವರೆಗೆ ದಾರಿ ಹೇಗೆ ಬೆಳೆಯಿತು ಎಂಬುದನ್ನು ಬರೆಯುತ್ತೇನೆ. ನಮ್ಮ ಊರಿಗೂ ಅದಕ್ಕೂ ಏನು ಸಂಬಂಧ ಎಂದು ಕೇಳುವವರಿಗೆ ಕೊನೆಯಲ್ಲಿ ಉತ್ತರ ಇದೆ.

ಎರಡು ಊರು, ಒಂದು ರೈಲು

ಈಗಿನ ಬೆಂಗಳೂರು ಒಂದು ಕಾಲಕ್ಕೆ ಎರಡು ಊರಾಗಿತ್ತು. ಒಂದು ಹಳೆಯ ಪೇಟೆ: ಚಿಕ್ಕಪೇಟೆ, ಬಳೇಪೇಟೆ, ಕಾಟನ್‌ಪೇಟೆ. ಇನ್ನೊಂದು 1809ರಲ್ಲಿ ಬ್ರಿಟಿಷರು ಸೈನ್ಯಕ್ಕಾಗಿ ಕಟ್ಟಿದ ದಂಡು, ಅಂದರೆ ಕಂಟೋನ್ಮೆಂಟ್. ಪೇಟೆಯಲ್ಲಿ ಮನೆ, ಅಂಗಡಿ, ಮಗ್ಗ ಎಲ್ಲ ಒಂದೇ ಬೀದಿಯಲ್ಲಿದ್ದವು. ನಡೆದು ಮುಟ್ಟಲಾಗದ ಜಾಗವೇ ಕಡಿಮೆ. ದೂರ ಹೋಗುವವರಿಗೆ ಎತ್ತಿನ ಗಾಡಿ, ಕಾಸಿದ್ದವರಿಗೆ ಕುದುರೆ ಜಟಕಾ.

1864ರಲ್ಲಿ ಜೋಲಾರ್‌ಪೇಟೆಯಿಂದ ಬೆಂಗಳೂರಿಗೆ ರೈಲು ಬಂತು. ಅದು ಮದ್ರಾಸಿನ ಕಡೆಯಿಂದ ಬಂದು ದಂಡಿನಲ್ಲಿ ನಿಂತಿತು. ಮೊದಲು ಅದು ಬೇಕಾದದ್ದು ಸೈನ್ಯಕ್ಕೆ. ಪೇಟೆಯ ಪಕ್ಕಕ್ಕೆ ರೈಲು ಬರಲು ಇನ್ನೂ ಸುಮಾರು ಹದಿನೆಂಟು ವರ್ಷ ಹಿಡಿಯಿತು. ನಡುವೆ 1876ರಿಂದ 78ರವರೆಗೆ ಭೀಕರ ಬರ. ನಮ್ಮ ಹಿರಿಯರು ಧಾತು–ಈಶ್ವರ ಬರ ಎನ್ನುತ್ತಿದ್ದುದು ಅದನ್ನೇ. ಹಸಿದವರಿಗೆ ಕೂಲಿ ಕೊಡಲು ಮೈಸೂರು ಸಂಸ್ಥಾನ ಹಿಡಿದ ಕೆಲಸಗಳಲ್ಲಿ ರೈಲು ದಾರಿಯ ಮಣ್ಣು ಕೆಲಸವೂ ಒಂದು. 1882ರ ಹೊತ್ತಿಗೆ ಬೆಂಗಳೂರು–ಮೈಸೂರು ಮೀಟರ್ ಗೇಜ್ ದಾರಿ ಸಿದ್ಧವಾಯಿತು. ಇಂದು ಮೈಸೂರಿಗೆ ಹೋಗುವ ರೈಲಿನಲ್ಲಿ ಕುಳಿತಾಗ ಆ ಏರಿಗೆ ಮಣ್ಣು ಹೊತ್ತ ಮಂಕರಿಗಳು ನನಗೆ ನೆನಪಾಗುತ್ತವೆ.

1898ರಲ್ಲಿ ಪ್ಲೇಗು ಬಂತು. ಇಕ್ಕಟ್ಟಾದ ಪೇಟೆಯಿಂದ ಜನ ಹೊರಗೆ ಹೊರಟರು. ಬಸವನಗುಡಿ, ಮಲ್ಲೇಶ್ವರದಂಥ ಹೊಸ ಬಡಾವಣೆಗಳು ತುಂಬಿಕೊಂಡವು. ಮನೆ ಒಂದು ಕಡೆ, ಕೆಲಸ ಇನ್ನೊಂದು ಕಡೆ ಎಂಬ ಬದುಕು ಬೆಂಗಳೂರಿನಲ್ಲಿ ಬೇರೂರಿದ್ದು ಆ ಕಾಲದಲ್ಲಿ. ಸಾರಿಗೆಯ ಅಗತ್ಯ ಹುಟ್ಟುವುದೇ ಹಾಗೆ.

ಬಾರದ ಟ್ರಾಮು

ಇಲ್ಲೊಂದು ಸೋಜಿಗವಿದೆ. ಮದ್ರಾಸಿನಲ್ಲಿ 1895ರಲ್ಲೇ ವಿದ್ಯುತ್ ಟ್ರಾಮು ಓಡಿತು. ಕಲ್ಕತ್ತೆಯಲ್ಲಿ 1902ರಲ್ಲಿ, ಬೊಂಬಾಯಿಯಲ್ಲಿ 1907ರಲ್ಲಿ ಬಂತು. ಬೆಂಗಳೂರಿಗೆ ಕರೆಂಟಿನ ಬಡತನವೇನೂ ಇರಲಿಲ್ಲ. ಶಿವನಸಮುದ್ರದ ವಿದ್ಯುತ್ತು 1902ರಲ್ಲಿ ಕೋಲಾರದ ಚಿನ್ನದ ಗಣಿಗೆ ಹೋಯಿತು, 1905ರಲ್ಲಿ ಬೆಂಗಳೂರಿನ ಬೀದಿಗಳಿಗೆ ದೀಪ ಹಚ್ಚಿತು. ಬೀದಿ ದೀಪದಲ್ಲಿ ದೇಶಕ್ಕೇ ಮುಂದಿದ್ದ ನಗರದಲ್ಲಿ ಟ್ರಾಮಿನ ಹಳಿ ಮಾತ್ರ ಬೀಳಲೇ ಇಲ್ಲ.

ಇದರ ಪರಿಣಾಮ ದೊಡ್ಡದು. ಹಳಿ ಹಾಕಿದ ಊರು ಹಳಿಯ ಗುಂಟ ಬೆಳೆಯುತ್ತದೆ. ಬೊಂಬಾಯಿಯನ್ನು ನೋಡಿದರೆ ಇದು ತಿಳಿಯುತ್ತದೆ, ಅಲ್ಲಿನ ಬಡಾವಣೆಗಳೆಲ್ಲ ಲೋಕಲ್ ರೈಲಿನ ಸ್ಟೇಷನ್ನಿಗೆ ಅಂಟಿಕೊಂಡಿವೆ. ಹಳಿ ಇಲ್ಲದ ಬೆಂಗಳೂರು ಎಲ್ಲಿ ಸೈಟು ಸಿಕ್ಕಿತೋ ಅಲ್ಲಿ ಬೆಳೆಯಿತು. ಆಮೇಲೆ ಬಸ್ಸು ಅದನ್ನು ಹುಡುಕಿಕೊಂಡು ಹೋಗಬೇಕಾಯಿತು. ಇವತ್ತಿನ ಟ್ರಾಫಿಕ್ಕಿನ ಬೇರು ಸ್ವಲ್ಪ ಮಟ್ಟಿಗಾದರೂ ಅಲ್ಲಿದೆ ಎಂಬುದು ನನ್ನ ಅನಿಸಿಕೆ.

ಬಿ.ಟಿ.ಸಿ.ಯಿಂದ ಬಿ.ಟಿ.ಎಸ್.

1940ರಲ್ಲಿ ಬೆಂಗಳೂರು ಟ್ರಾನ್ಸ್‌ಪೋರ್ಟ್ ಕಂಪನಿ ಹುಟ್ಟಿತು. ಅದರ ಬಳಿ ಇದ್ದದ್ದು 98 ಬಸ್ಸು. ಅದೇ ವರ್ಷದ ಡಿಸೆಂಬರಿನಲ್ಲಿ ಎಚ್‌ಎಎಲ್ ವಿಮಾನ ಕಾರ್ಖಾನೆಯೂ ಆರಂಭವಾಯಿತು. ಒಂದು ಕಡೆ ಜನರನ್ನು ಸಾಗಿಸುವ ಕಂಪನಿ, ಇನ್ನೊಂದು ಕಡೆ ಜನರನ್ನು ಸೆಳೆಯುವ ಕಾರ್ಖಾನೆ. ಮಹಾಯುದ್ಧದ ಕಾಲ ಬೇರೆ. ಪೆಟ್ರೋಲು ಸಿಗದೆ ಇದ್ದಿಲಿನ ಗ್ಯಾಸಿನಿಂದ ಬಸ್ಸು ಓಡಿಸುತ್ತಿದ್ದರು. ದಿಣ್ಣೆ ಬಂದರೆ ಪ್ರಯಾಣಿಕರೆಲ್ಲ ಇಳಿದು ತಳ್ಳಬೇಕಿತ್ತು ಎಂದು ನಮ್ಮ ತಾತ ಹೇಳಿ ನಗುತ್ತಿದ್ದರು.

ಸ್ವಾತಂತ್ರ್ಯದ ನಂತರ, 1949ರಲ್ಲಿ, ಪೇಟೆ ಮತ್ತು ದಂಡು ಸೇರಿ ಒಂದೇ ನಗರಪಾಲಿಕೆಯಾಯಿತು. 1941ರಲ್ಲಿ ಸುಮಾರು ನಾಲ್ಕು ಲಕ್ಷವಿದ್ದ ಜನಸಂಖ್ಯೆ 1951ಕ್ಕೆ ಏಳೂಮುಕ್ಕಾಲು ಲಕ್ಷ ಮುಟ್ಟಿತ್ತು. ಐ.ಟಿ.ಐ., ಎಚ್.ಎಂ.ಟಿ., ಬಿ.ಇ.ಎಲ್. ಒಂದರ ಹಿಂದೆ ಒಂದು ಬಂದವು. ಈ ಕಾರ್ಖಾನೆಗಳು ನೌಕರರಿಗಾಗಿ ತಮ್ಮದೇ ಬಸ್ಸು ಓಡಿಸಿದವು. ಇಂದಿನ ಸಾಫ್ಟ್‌ವೇರ್ ಕಂಪನಿಗಳ ಕ್ಯಾಬು, ಬಸ್ಸುಗಳನ್ನು ಹೊಸತು ಎಂದುಕೊಳ್ಳುವವರು ಇದನ್ನು ತಿಳಿಯಬೇಕು.

ಇತ್ತ ಮೈಸೂರು ಸರ್ಕಾರ 1948ರ ಸೆಪ್ಟೆಂಬರ್ 12ರಂದು 120 ಬಸ್ಸುಗಳೊಂದಿಗೆ ತನ್ನದೇ ರಸ್ತೆ ಸಾರಿಗೆ ಇಲಾಖೆ ತೆರೆಯಿತು. 1956ರಲ್ಲಿ ಬೆಂಗಳೂರಿನ ಖಾಸಗಿ ಕಂಪನಿಯನ್ನು ರಾಷ್ಟ್ರೀಕರಣ ಮಾಡಲಾಯಿತು. ಬಿ.ಟಿ.ಸಿ. ಹೋಗಿ ಬಿ.ಟಿ.ಎಸ್. ಬಂತು, ಬೆಂಗಳೂರು ಟ್ರಾನ್ಸ್‌ಪೋರ್ಟ್ ಸರ್ವಿಸ್. 1961ರಲ್ಲಿ ಸಾರಿಗೆ ಇಲಾಖೆಯೇ ನಿಗಮವಾಯಿತು. 1973ರಲ್ಲಿ ರಾಜ್ಯಕ್ಕೆ ಕರ್ನಾಟಕ ಎಂದು ಹೆಸರಾದಾಗ ಅದು ನಾವೆಲ್ಲ ಬಲ್ಲ ಕೆ.ಎಸ್.ಆರ್.ಟಿ.ಸಿ. ಆಯಿತು. ಅದಾಗಿ ಎರಡು ವರ್ಷಕ್ಕೆ ನಮ್ಮ ಶಾಲೆ ಹುಟ್ಟಿತು.

ರಾಷ್ಟ್ರೀಕರಣ ಏಕೆ ಎಂದು ನಾವು ಪರೀಕ್ಷೆಗಾಗಿ ಬಾಯಿಪಾಠ ಮಾಡಿದ್ದೆವು. ಅದರ ಲೆಕ್ಕ ನನಗೆ ಅರ್ಥವಾದದ್ದು ದೊಡ್ಡವನಾದ ಮೇಲೆ. ಲಾಭಕ್ಕಾಗಿ ಬಸ್ಸು ಓಡಿಸುವವನು ಜನ ತುಂಬುವ ದಾರಿಯಲ್ಲಿ, ಜನ ತುಂಬುವ ಹೊತ್ತಿನಲ್ಲಿ ಮಾತ್ರ ಓಡಿಸುತ್ತಾನೆ. ಅದು ತಪ್ಪೂ ಅಲ್ಲ, ಅವನ ಹೊಟ್ಟೆಪಾಡು. ಸಾರ್ವಜನಿಕ ಸಂಸ್ಥೆಯಾದರೆ ತುಂಬಿದ ದಾರಿಯ ದುಡ್ಡಿನಲ್ಲಿ ಖಾಲಿ ದಾರಿಯ ಬಸ್ಸನ್ನೂ ಸಾಕಬಹುದು. ಮೈಸೂರು ರಸ್ತೆಯ ಟಿಕೆಟ್ಟಿನಿಂದ ನಮ್ಮಂಥ ಊರಿಗೆ ಡೀಸೆಲ್ಲು. ಇದೇ ಅದರ ತಿರುಳು.

ನಮ್ಮ ದೊಡ್ಡಪ್ಪ 1978ರಲ್ಲಿ ಪೀಣ್ಯದ ಒಂದು ಸಣ್ಣ ಕಾರ್ಖಾನೆಯಲ್ಲಿ ಲೇತ್ ಕೆಲಸಕ್ಕೆ ಸೇರಿದವರು. ಬಿ.ಟಿ.ಎಸ್. ಎಂದರೆ ಏನು ಎಂದು ನಾನು ಕೇಳಿದಾಗ ಅವರು ಹೇಳಿದ ಅರ್ಥ, ಹಳೆಯ ಬೆಂಗಳೂರಿಗರೆಲ್ಲ ಬಲ್ಲ ಅರ್ಥ: ‘ಬಿಟ್ರೆ ತಿರ್ಗ ಸಿಗೋಲ್ಲ’. ಹಾಗೆ ಬೈಯುತ್ತಲೇ ಅವರು ಇಪ್ಪತ್ತೆಂಟು ವರ್ಷ ಬಸ್ಸಿನಲ್ಲೇ ಕೆಲಸಕ್ಕೆ ಹೋದರು. ಇಬ್ಬರು ಮಕ್ಕಳನ್ನು ಓದಿಸಿದರು, ಊರಿನಲ್ಲಿ ಮನೆ ಕಟ್ಟಿಸಿದರು. ಸ್ಕೂಟರ್ ಮಾತ್ರ ಕೊಳ್ಳಲಿಲ್ಲ. ಆ ದುಡ್ಡು ಎಲ್ಲಿಗೆ ಹೋಯಿತೆಂದು ಈಗ ನನಗೆ ತಿಳಿಯುತ್ತದೆ.

ಕೆರೆಯ ಮೇಲಿನ ಬಸ್ ಸ್ಟ್ಯಾಂಡ್

ನಮ್ಮೂರಿನವರು ಬೆಂಗಳೂರಿನಲ್ಲಿ ಮೊದಲು ಕಾಲಿಡುವುದು ಮೆಜೆಸ್ಟಿಕ್‌ನಲ್ಲಿ. ಅದು ಒಂದು ಸಿನಿಮಾ ಟಾಕೀಸಿನ ಹೆಸರು. ಟಾಕೀಸು ಹೋದರೂ ಹೆಸರು ಉಳಿಯಿತು. ಈಗ ಕೆಂಪೇಗೌಡ ಬಸ್ ನಿಲ್ದಾಣ ಇರುವ ಜಾಗ ಒಂದು ಕಾಲಕ್ಕೆ ಧರ್ಮಾಂಬುಧಿ ಕೆರೆ, ಪೇಟೆಗೆ ನೀರು ಕೊಡುತ್ತಿದ್ದ ಕೆರೆ. ನೀರು ಬತ್ತಿ ಬಯಲಾಯಿತು, ಬಯಲು ಬಸ್ ಸ್ಟ್ಯಾಂಡ್ ಆಯಿತು. ಸುತ್ತಲ ಹಳ್ಳಿಗಳ ಜನ ಅಲ್ಲಿಗೇ ಹರಿದುಬರುವುದನ್ನು ನೋಡಿದರೆ, ನೀರಿನ ಬದಲು ಜನ ತುಂಬುವ ಕೆರೆ ಅನ್ನಿಸುತ್ತದೆ.

1997ರ ಆಗಸ್ಟ್ 15ರಂದು ಬೆಂಗಳೂರಿನ ಬಸ್ಸುಗಳು ಕೆ.ಎಸ್.ಆರ್.ಟಿ.ಸಿ.ಯಿಂದ ಬೇರೆಯಾಗಿ ಬಿ.ಎಂ.ಟಿ.ಸಿ. ಆಯಿತು. ನಗರದ ಬಸ್ಸಿನ ಜಾಯಮಾನ ಬೇರೆ: ಹೆಜ್ಜೆಗೊಂದು ಸ್ಟಾಪು, ಬೆಳಗ್ಗೆ ಸಂಜೆ ನೂಕುನುಗ್ಗಲು, ಮಧ್ಯಾಹ್ನ ಖಾಲಿ. ಅದನ್ನು ಬೇರೆಯಾಗಿಯೇ ನೋಡಿಕೊಳ್ಳಬೇಕೆಂಬುದು ಸರಿಯಾದ ಯೋಚನೆ. 2006ರ ಹೊತ್ತಿಗೆ ಎ.ಸಿ. ವೋಲ್ವೊ ಬಂತು. 2008ರಲ್ಲಿ ದೇವನಹಳ್ಳಿ ವಿಮಾನ ನಿಲ್ದಾಣ ತೆರೆದಾಗ ವಾಯು ವಜ್ರ ಬಂತು. 2010ರಲ್ಲಿ ತಿಂಗಳಿಗೊಂದು ‘ಬಸ್ ಡೇ’ ಆಚರಿಸಿ, ಕಾರು ಬಿಟ್ಟು ಬಸ್ಸು ಹತ್ತಿ ಎಂದು ಕರೆದರು.

ಆದರೆ 1981ರಲ್ಲಿ 29 ಲಕ್ಷವಿದ್ದ ಜನಸಂಖ್ಯೆ 2011ಕ್ಕೆ 85 ಲಕ್ಷವಾಗಿತ್ತು. ಇಂದು ನಗರದಲ್ಲಿ ನೋಂದಣಿಯಾದ ವಾಹನಗಳೇ ಒಂದು ಕೋಟಿ ದಾಟಿವೆ. ರಸ್ತೆ ಮಾತ್ರ ಹಿಗ್ಗಲಿಲ್ಲ. ಒಂದು ಬಸ್ಸಿನಲ್ಲಿ ಅರವತ್ತು ಜನ ಕುಳಿತು, ನಿಂತು ಹೋಗುತ್ತಾರೆ. ಅದೇ ಅರವತ್ತು ಜನ ಒಬ್ಬೊಬ್ಬರೇ ಕಾರಿನಲ್ಲಿ ಹೊರಟರೆ ರಸ್ತೆ ತುಂಬುತ್ತದೆ, ಮತ್ತು ಆ ಕಾರುಗಳ ಹಿಂದೆ ಬಸ್ಸೂ ನಿಲ್ಲುತ್ತದೆ. ಬಸ್ಸು ತಡವಾದಾಗ ಇನ್ನೂ ನಾಲ್ಕು ಜನ ಸಾಲ ಮಾಡಿ ಬೈಕು ಕೊಳ್ಳುತ್ತಾರೆ. ನಾವು ಪ್ರೋಗ್ರಾಂ ಬರೆಯುವವರು ಇಂಥ ಸುತ್ತನ್ನು ಬಲ್ಲೆವು. ಹೊರಗಿನಿಂದ ತಡೆಯದಿದ್ದರೆ ಅದು ತಾನಾಗಿ ನಿಲ್ಲುವುದಿಲ್ಲ.

ಹಳಿ ಬಂದ ಹೊತ್ತು

ನಾನು ಬಿ.ಇ. ಮುಗಿಸಿ ಬೆಂಗಳೂರಿಗೆ ಬಂದದ್ದು 2011ರ ಜುಲೈನಲ್ಲಿ. ಕೆಲಸ ವೈಟ್‌ಫೀಲ್ಡಿನಲ್ಲಿ. ಮೆಜೆಸ್ಟಿಕ್‌ನಿಂದ 335ಇ ಬಸ್ಸು. ಕಂಡಕ್ಟರ್ ಚಿಲ್ಲರೆಯನ್ನು ಟಿಕೆಟ್ಟಿನ ಹಿಂದೆ ಬರೆದುಕೊಡುತ್ತಿದ್ದರು. ಕಿಟಕಿ ಪಕ್ಕ ಸೀಟು ಸಿಕ್ಕರೆ ನಿದ್ದೆ, ಮಾರತ್‌ಹಳ್ಳಿ ಬಂದಾಗ ಎಚ್ಚರ. ಎಷ್ಟೋ ಸಲ ಇಳಿಯುವ ಸ್ಟಾಪು ಬಿಟ್ಟು ಮುಂದೆ ಹೋಗಿದ್ದೇನೆ, ಎರಡು ರೂಪಾಯಿ ಚಿಲ್ಲರೆ ಮರೆತೂ ಇಳಿದಿದ್ದೇನೆ.

ಅದೇ ವರ್ಷ ಅಕ್ಟೋಬರ್ 20ರಂದು ನಮ್ಮ ಮೆಟ್ರೊ ಓಡಿತು. ಬೈಯಪ್ಪನಹಳ್ಳಿಯಿಂದ ಎಂ.ಜಿ. ರಸ್ತೆಗೆ, 6.7 ಕಿಲೋಮೀಟರ್, ಆರು ಸ್ಟೇಷನ್. ಟ್ರಾಮು ಬಾರದ ಊರಿಗೆ ಕೊನೆಗೂ ಹಳಿ ಬಂತು. ಮೊದಲ ಭಾನುವಾರ ನಾನೂ ರೂಮ್‌ಮೇಟುಗಳೂ ಕೆಲಸವಿಲ್ಲದಿದ್ದರೂ ಹೋಗಿ ಬಂದೆವು. ಅಜ್ಜಿಯರು ಮೊಮ್ಮಕ್ಕಳ ಕೈ ಹಿಡಿದು ಎಸ್ಕಲೇಟರಿನ ಮುಂದೆ ಹಿಂಜರಿದು ನಿಂತಿದ್ದರು. ತೇರು ನೋಡಲು ಬಂದ ಜನರ ಹಾಗೆ ಎಲ್ಲರ ಮುಖದಲ್ಲೂ ಸಂಭ್ರಮ.

ಮೆಟ್ರೊ ಕೆಲಸ ಮಾಡುವ ಬಗೆ ಸರಳ. 1435 ಮಿಲಿಮೀಟರ್ ಅಗಲದ ಹಳಿ. ಅದರ ಪಕ್ಕ ಮೂರನೆಯ ಹಳಿಯೊಂದರಲ್ಲಿ 750 ವೋಲ್ಟ್ ಡಿ.ಸಿ. ವಿದ್ಯುತ್ತು. ನಮ್ಮ ರೈಲುಗಳಂತೆ ತಲೆಯ ಮೇಲೆ ತಂತಿ ಇಲ್ಲ. ಮೊದಲ ಹಂತದ ಬೋಗಿಗಳನ್ನು ಜೋಡಿಸಿದ್ದು ಬೆಂಗಳೂರಿನದೇ ಬೆಮೆಲ್. ಹಿಂದೆ ಎಚ್‌ಎಎಲ್‌ನಲ್ಲಿ ರೈಲು ಬೋಗಿ ಮಾಡುತ್ತಿದ್ದ ವಿಭಾಗವೇ 1964ರ ನಂತರ ಬೆಮೆಲ್‌ಗೆ ಸೇರಿದ್ದು. ಬಿ.ಟಿ.ಸಿ. ಹುಟ್ಟಿದ ವರ್ಷದ ಕಾರ್ಖಾನೆಯ ಕುಡಿ ಎಪ್ಪತ್ತು ವರ್ಷದ ಮೇಲೆ ಊರಿನ ಮೆಟ್ರೊ ಕಟ್ಟಿತು ಎಂದರೆ ಸಣ್ಣ ಮಾತಲ್ಲ.

ಆಮೇಲೆ ಒಂದೊಂದೇ ತುಂಡು ಸೇರಿತು. 2014ರಲ್ಲಿ ಪೀಣ್ಯದ ಹಸಿರು ಮಾರ್ಗ. ದೊಡ್ಡಪ್ಪ ಆಗಲೇ ನಿವೃತ್ತರಾಗಿದ್ದರು. 2016ರ ಏಪ್ರಿಲ್‌ನಲ್ಲಿ ಮೆಜೆಸ್ಟಿಕ್‌ನ ಅಡಿಯಲ್ಲಿ ಸುರಂಗದ ರೈಲು. 2017ರ ಜೂನ್‌ನಲ್ಲಿ ಮೊದಲ ಹಂತ ಪೂರ್ತಿ, 42.3 ಕಿಲೋಮೀಟರ್. 2025ರ ಆಗಸ್ಟ್‌ನಲ್ಲಿ ಬೊಮ್ಮಸಂದ್ರದ ಹಳದಿ ಮಾರ್ಗ. ಈಗ ಒಟ್ಟು 96 ಕಿಲೋಮೀಟರ್. ಇದಲ್ಲದೆ 148 ಕಿಲೋಮೀಟರಿನ ಉಪನಗರ ರೈಲಿನ ಕೆಲಸಕ್ಕೆ 2022ರಲ್ಲಿ ಶಂಕುಸ್ಥಾಪನೆಯಾಗಿದೆ. ಅದರ ನಾಲ್ಕು ಮಾರ್ಗಗಳಿಗೆ ಸಂಪಿಗೆ, ಮಲ್ಲಿಗೆ, ಪಾರಿಜಾತ, ಕನಕ ಎಂದು ಹೂವಿನ ಹೆಸರು.

ಎಲ್ಲವೂ ಹೂವಲ್ಲ. ಬೈಯಪ್ಪನಹಳ್ಳಿಗೆ 2011ರಲ್ಲಿ ಬಂದ ಮೆಟ್ರೊ ವೈಟ್‌ಫೀಲ್ಡ್ ಮುಟ್ಟಲು 2023 ಆಯಿತು. 2025ರ ಫೆಬ್ರವರಿಯಲ್ಲಿ ಗರಿಷ್ಠ ದರ 60 ರೂಪಾಯಿಯಿಂದ 90ಕ್ಕೆ ಏರಿತು. ನನ್ನಂಥವನಿಗೆ ಅದು ತಿಳಿಯಲಿಲ್ಲ. ನಮ್ಮ ಆಫೀಸಿನಲ್ಲಿ ಕಸ ಗುಡಿಸುವ ಅಕ್ಕ ಮರುದಿನದಿಂದ ಮತ್ತೆ ಬಸ್ಸಿಗೆ ಹೋದರು. ಒಂದು ಗಂಟೆ ಮೊದಲು ಮನೆ ಬಿಡುತ್ತಾರೆ, ಅಷ್ಟೆ.

ಎರಡು ಕಿಲೋಮೀಟರಿನ ಪಾಠ

2023ರಲ್ಲಿ ನಡೆದ ಒಂದು ಸಂಗತಿ ನನಗೆ ಇಡೀ ವಿಷಯವನ್ನು ಅರ್ಥಮಾಡಿಸಿತು. ಮಾರ್ಚ್‌ನಲ್ಲಿ ವೈಟ್‌ಫೀಲ್ಡಿನಿಂದ ಕೆ.ಆರ್. ಪುರದವರೆಗೆ ಮೆಟ್ರೊ ತೆರೆಯಿತು. ಆ ಕಡೆ ಬೈಯಪ್ಪನಹಳ್ಳಿಯಿಂದ ಕೆಂಗೇರಿವರೆಗೆ ಆಗಲೇ ಓಡುತ್ತಿತ್ತು. ನಡುವೆ ಸುಮಾರು ಎರಡು ಕಿಲೋಮೀಟರ್ ಮಾತ್ರ ಬಾಕಿ. ಅಷ್ಟಕ್ಕಾಗಿ ಕೆಳಗಿಳಿದು ಬಸ್ಸು ಹಿಡಿದು ಮತ್ತೆ ಮೇಲೆ ಹತ್ತಬೇಕು. ನಮ್ಮ ಆಫೀಸಿನ ಎಷ್ಟೋ ಜನ ‘ಯಾರಿಗೆ ಬೇಕು’ ಎಂದು ಬೈಕನ್ನೇ ಮುಂದುವರಿಸಿದರು. ಅಕ್ಟೋಬರ್ 9ರಂದು ಆ ತುಂಡು ಸೇರಿತು. ಮಾರನೆಯ ವಾರವೇ ನಮ್ಮ ಪಾರ್ಕಿಂಗಿನಲ್ಲಿ ಜಾಗ ಕಾಣಿಸಿತು.

ನಲವತ್ತು ಕಿಲೋಮೀಟರ್ ಹಳಿ ಇದ್ದರೂ ನಡುವಿನ ಎರಡು ಕಿಲೋಮೀಟರ್ ಇಲ್ಲದಿದ್ದರೆ ದಾರಿ ದಾರಿಯಲ್ಲ. ಸರಪಳಿಯ ಬಲ ಅದರ ಸೋತ ಕೊಂಡಿಯಷ್ಟೇ.

ಇದನ್ನು ನಾನು ಈ ವರ್ಷ ಊರ ಜಾತ್ರೆಯಲ್ಲಿ ಹಳೆಯ ಸಹಪಾಠಿಗಳ ಮುಂದೆ ದೊಡ್ಡದಾಗಿ ವಿವರಿಸುತ್ತಿದ್ದೆ. ಅವರಲ್ಲಿ ಒಬ್ಬಳು ನಮ್ಮ 2005ರ ಎಸ್.ಎಸ್.ಎಲ್.ಸಿ. ಬ್ಯಾಚಿಗೆ ಮೊದಲು ಬಂದವಳು. ಹೆಸರು ಬೇಡ, ನಮ್ಮ ಬ್ಯಾಚಿನವರಿಗೆಲ್ಲ ಗೊತ್ತು. ಪೂರ್ತಿ ಕೇಳಿ ಅವಳು ಹೇಳಿದಳು: ‘ಎರಡು ಕಿಲೋಮೀಟರ್ ಅಂತೀಯಲ್ಲ, ನಮ್ಮ ಗೇಟಿನಿಂದ ಊರಿಗೆ ಎಷ್ಟಪ್ಪ?’

ನಾನು ಸುಮ್ಮನಾದೆ. ಮೂರು ಕಿಲೋಮೀಟರ್.

ನಮ್ಮ ಕಾಲದಲ್ಲಿ ನೈಟ್ ಹಾಲ್ಟ್ ಬಸ್ಸೊಂದು ಇದ್ದದ್ದು ಹಿರಿಯರಿಗೆ ನೆನಪಿರಬೇಕು. ಸಂಜೆ ಐದೂಮುಕ್ಕಾಲಿಗೆ ತಾಲ್ಲೂಕಿನಿಂದ ಹೊರಟು ದೀಪ ಹಚ್ಚುವ ಹೊತ್ತಿಗೆ ಊರೊಳಗೆ ಬರುತ್ತಿತ್ತು. ಡ್ರೈವರ್, ಕಂಡಕ್ಟರ್ ರಾತ್ರಿ ಅದರಲ್ಲೇ ಮಲಗುತ್ತಿದ್ದರು. ಸರದಿಯ ಮೇಲೆ ಒಂದೊಂದು ಮನೆಯಿಂದ ಮುದ್ದೆ, ಸಾರು ಹೋಗುತ್ತಿತ್ತು. ಬೆಳಗ್ಗೆ ಹೂವು, ತರಕಾರಿ, ಕಾಲೇಜಿನ ಮಕ್ಕಳನ್ನು ತುಂಬಿಕೊಂಡು ಹೊರಡುತ್ತಿತ್ತು. ನಾವು ಪಿ.ಯು.ಸಿ. ಸೇರಿದ ವರ್ಷ ಅದು ನಿಂತಿತು. ಬೆಳಗ್ಗೆಗೆ ಬೇರೊಂದು ಬಸ್ಸು ಬಂತು, ಸಂಜೆಗೆ ಬರಲಿಲ್ಲ. ಸಂಜೆ ಹೆದ್ದಾರಿಯ ಬಸ್ಸು ಹಿಡಿದು ಗೇಟಿನಲ್ಲಿ ಇಳಿದು, ತೋಪಿನ ನಡುವೆ ಕತ್ತಲಲ್ಲಿ ನಡೆಯಬೇಕಿತ್ತು.

ನನಗೆ ಸೈಕಲ್ ಇತ್ತು. ಬೆಳಗ್ಗೆ ಗೇಟಿನ ಟೀ ಅಂಗಡಿಯಲ್ಲಿ ನಿಲ್ಲಿಸಿ ಹೋಗುತ್ತಿದ್ದೆ, ಸಂಜೆ ತುಳಿದುಕೊಂಡು ಬರುತ್ತಿದ್ದೆ. ಬಸ್ಸು ನಿಂತದ್ದು ನನಗೆ ಒಂದು ತೊಂದರೆ ಅನ್ನಿಸಲೇ ಇಲ್ಲ. ಅವಳನ್ನು ಎದುರುಗೊಳ್ಳಲು ಅವರಪ್ಪ ದಿನಾ ಹೊಲದ ಕೆಲಸ ಬಿಟ್ಟು ಗೇಟಿಗೆ ಬರುತ್ತಿದ್ದರು. ನಾನು ಬೆಲ್ ಹೊಡೆದು ಅವರನ್ನು ದಾಟಿ ಹೋಗುತ್ತಿದ್ದೆ. ಮಳೆಗಾಲ ಶುರುವಾದ ಮೇಲೆ ಆರಂಭದಲ್ಲಿ ವಾರಕ್ಕೆ ಎರಡು ದಿನ, ಆಮೇಲೆ ನಾಲ್ಕು ದಿನ ಅವಳು ಬರಲಿಲ್ಲ. ದಸರಾ ರಜೆಯ ನಂತರ ಬರಲೇ ಇಲ್ಲ. ಎರಡು ವರ್ಷಕ್ಕೆ ಮದುವೆಯಾಯಿತು, ಇದೇ ಊರಿಗೆ.

ನನಗಿಂತ ಹನ್ನೊಂದು ಅಂಕ ಹೆಚ್ಚು ಪಡೆದವಳು ಅವಳು. ನನ್ನ ಬಿ.ಇ.ಗೆ ಬುದ್ಧಿ, ಶ್ರಮ ಎಂದು ನಾನು ಎಷ್ಟೋ ಕಡೆ ಹೇಳಿಕೊಂಡಿದ್ದೇನೆ. ಒಂದು ಸೈಕಲ್ಲೂ ಇತ್ತು ಎಂದು ಹೇಳಿದ್ದು ಇದೇ ಮೊದಲು.

ಈಗ ಅವಳ ಮಗಳು ನಮ್ಮ ಶಾಲೆಯಲ್ಲೇ ಹತ್ತನೆಯ ತರಗತಿ. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ಹೆಣ್ಣುಮಕ್ಕಳಿಗೆ ಸಾಮಾನ್ಯ ಬಸ್ಸಿನಲ್ಲಿ ಟಿಕೆಟ್ಟಿಗೆ ದುಡ್ಡಿಲ್ಲ. ಅದು ನಿಜಕ್ಕೂ ದೊಡ್ಡ ಬದಲಾವಣೆ. ನಮ್ಮ ಅಮ್ಮನೇ ಈಗ ಯಾರನ್ನೂ ಕೇಳದೆ ತವರಿಗೆ ಹೋಗಿ ಬರುತ್ತಾರೆ. ಆದರೆ ಅವಳು ಕೇಳಿದ್ದು ಇಷ್ಟೇ: ‘ಟಿಕೆಟ್ ಫ್ರೀ ಸರಿ. ಸಾಯಂಕಾಲಕ್ಕೆ ಬಸ್ಸು?’

ಜಟಕಾದಿಂದ ಮೆಟ್ರೊವರೆಗಿನ ಇತಿಹಾಸ ಓದಿ ನಾನು ಕಲಿತದ್ದನ್ನೆಲ್ಲ ಅವಳ ಆ ಒಂದು ಮಾತಿನಲ್ಲಿ ಹೇಳಿಬಿಡಬಹುದು. 98 ಬಸ್ಸೋ, 96 ಕಿಲೋಮೀಟರ್ ಹಳಿಯೋ, ಅವು ಅಳತೆಯ ಒಂದು ಕಡೆ. ಇನ್ನೊಂದು ಕಡೆ, ಸ್ವಂತ ವಾಹನ ಇಲ್ಲದವರು ಕತ್ತಲಾಗುವ ಮೊದಲು ಮನೆ ಸೇರುತ್ತಾರೋ ಇಲ್ಲವೋ ಎಂಬುದು. ರಾಜಧಾನಿಗೂ ಅದೇ ಅಳತೆ, ನಮ್ಮೂರ ಗೇಟಿಗೂ ಅದೇ ಅಳತೆ.

ಬಸ್ಸು ಕೇಳಿದರೆ ‘ಎಷ್ಟು ಜನ ಹತ್ತುತ್ತಾರೆ’ ಎಂಬ ಪ್ರಶ್ನೆ ಮೊದಲು ಬರುತ್ತದೆ. ಅದು ನ್ಯಾಯವಾದ ಪ್ರಶ್ನೆಯೇ. ಉತ್ತರ ನಮ್ಮ ಕೈಯಲ್ಲಿರಬೇಕು. ಮುಖ್ಯೋಪಾಧ್ಯಾಯರ ಅನುಮತಿ ಪಡೆದು ಮಹೋತ್ಸವದ ದಿನ ಶಾಲೆಯ ಕಚೇರಿಯಲ್ಲಿ ಒಂದು ನೋಟ್‌ಬುಕ್ ಇಡುತ್ತಿದ್ದೇನೆ. ತಾಲ್ಲೂಕಿಗೆ ಓದಲು, ಕೆಲಸಕ್ಕೆ, ಆಸ್ಪತ್ರೆಗೆ ಹೋಗಿ ಬರುವವರು ತಮ್ಮ ಹೆಸರು, ಹೋಗುವ ಹೊತ್ತು, ಹಿಂದಿರುಗುವ ಹೊತ್ತು ಬರೆಯಿರಿ. ಅಕ್ಷರ ಬಾರದ ಹಿರಿಯರ ಪರವಾಗಿ ಮಕ್ಕಳು ಬರೆಯಲಿ. ಅದನ್ನು ಪಟ್ಟಿ ಮಾಡಿ, ಲೆಕ್ಕ ಹಾಕಿ, ಅರ್ಜಿಯ ಜೊತೆ ಕೊಡುವ ಕೆಲಸ ನನ್ನದು. ನಾನು ಸಂಬಳಕ್ಕೆ ಮಾಡುವ ಕೆಲಸವೂ ಅಂಥದ್ದೇ. ಅರ್ಜಿ ಕೊಟ್ಟು ಸುಮ್ಮನಿರುವುದಿಲ್ಲ, ಬಸ್ಸು ಬರುವವರೆಗೂ ತಿರುಗುತ್ತೇವೆ ಎಂದು ನಮ್ಮ ಬ್ಯಾಚಿನ ಐದಾರು ಜನ ಮಾತಾಡಿಕೊಂಡಿದ್ದೇವೆ.

ಮುಂದಿನ ಜೂನ್‌ಗೆ ಆ ಹುಡುಗಿ ಪಿ.ಯು.ಸಿ. ಸೇರುತ್ತಾಳೆ. ಅಷ್ಟರೊಳಗೆ ಸಂಜೆಯ ಬಸ್ಸು ನಮ್ಮೂರ ಅರಳಿಕಟ್ಟೆಯ ಮುಂದೆ ಬಂದು ನಿಲ್ಲಬೇಕು. ಡ್ರೈವರ್, ಕಂಡಕ್ಟರ್ ರಾತ್ರಿ ಉಳಿಯುವುದಾದರೆ ಮೊದಲ ದಿನದ ಮುದ್ದೆ, ಸಾರು ನಮ್ಮ ಮನೆಯಿಂದ ಎಂದು ಅಮ್ಮ ಈಗಲೇ ಹೇಳಿದ್ದಾರೆ.